ಮಲೆನಾಡಿನ ಮನೆಯಿಂದ ಸಾಫ್ಟ್‌ವೇರ್ ಕೆಲಸ: ಮಳೆಗಾಲಕ್ಕೆ ಮುಂಚೆ ಮಾಡಿಕೊಳ್ಳಬೇಕಾದ್ದು

ಊರಿಗೆ ವಾಪಸ್ ಬಂದು ಅಲ್ಲಿಂದಲೇ ಕೆಲಸ ಮಾಡೋಣ ಅಂದುಕೊಂಡವರು ನನ್ನನ್ನು ಮೊದಲು ಕೇಳೋದು, "ನಿಮ್ಮಲ್ಲಿ ನೆಟ್ ಸ್ಪೀಡ್ ಎಷ್ಟು ಬರುತ್ತೆ?" 100 ಎಂಬಿಪಿಎಸ್ ಬರುತ್ತೆ. ಅದನ್ನು ತಿಳಿದುಕೊಂಡು ನಿಮಗೆ ಹೆಚ್ಚೇನೂ ಉಪಯೋಗವಿಲ್ಲ. ಕೇಳಬೇಕಾದ ಪ್ರಶ್ನೆ ಎರಡು. ಕರೆಂಟು ಹೋಗಿ ಅರ್ಧ ದಿನ ಆದ ಮೇಲೂ ನೆಟ್ ಲೈನ್ ಇರುತ್ತಾ? ಲೈನೂ ಹೋದರೆ, ನೀವು ಅರ್ಧಕ್ಕೆ ಬಿಟ್ಟ ಕೆಲಸವನ್ನು ಇನ್ನೊಬ್ಬರು ಎತ್ತಿಕೊಳ್ಳುವ ಹಾಗೆ ಬರೆದಿಟ್ಟಿದ್ದೀರಾ? ಈ ಎರಡಕ್ಕೆ ಉತ್ತರ ಇದ್ದವರು ಹಳ್ಳಿಯಿಂದ ಆರಾಮಾಗಿ ಕೆಲಸ ಮಾಡುತ್ತಾರೆ. ಇಲ್ಲದವರು ಆಗಸ್ಟ್ ಹೊತ್ತಿಗೆ ಬೆಂಗಳೂರಿನಲ್ಲಿ ಪಿಜಿ ಹುಡುಕುತ್ತಿರುತ್ತಾರೆ.

ನಾನಿರುವುದು ತೀರ್ಥಹಳ್ಳಿ ತಾಲ್ಲೂಕಿನ ಒಂದು ಹಳ್ಳಿಯಲ್ಲಿ, ಅತ್ತೆ ಮಾವನ ಜೊತೆ. ಗಂಡ ತೋಟ ನೋಡಿಕೊಳ್ಳುತ್ತಾರೆ. ನನ್ನದು ಬ್ಯಾಕೆಂಡ್ (ಸರ್ವರ್ ಕಡೆಯ) ಕೆಲಸ. ತಂಡದ ಅರ್ಧ ಬೆಂಗಳೂರಿನ ಎಲೆಕ್ಟ್ರಾನಿಕ್ ಸಿಟಿಯಲ್ಲಿ, ಒಂದಿಬ್ಬರು ಪುಣೆಯಲ್ಲಿ, ಉಳಿದವರು ಶಿಕಾಗೊದಲ್ಲಿ. ತಿಂಗಳಲ್ಲಿ ಒಂದು ವಾರ ಕಚೇರಿಗೆ ಹೋಗುತ್ತೇನೆ. ಕೆಳಗೆ ಹೇಳಿದ್ದೆಲ್ಲ ಈ ಲೆಕ್ಕದ್ದು. ಮೈಸೂರು, ಹುಬ್ಬಳ್ಳಿಯಂಥ ಊರಿನಲ್ಲಿ ಇರುವವರಿಗೆ ಇದರಲ್ಲಿ ಅರ್ಧ ಬೇಕಾಗಲಿಕ್ಕಿಲ್ಲ.

ಮೊದಲು ಕಾಗದ

ಮ್ಯಾನೇಜರು ಕಾಫಿ ಕುಡಿಯುತ್ತಾ "ಹೋಗಿ ಬನ್ನಿ, ಏನೂ ತೊಂದರೆ ಇಲ್ಲ" ಅಂದದ್ದು ಒಪ್ಪಿಗೆ ಅಲ್ಲ. ಅವರು ಬೇರೆ ತಂಡಕ್ಕೆ ಹೋದ ದಿನ ಆ ಮಾತೂ ಹೋಗುತ್ತೆ. ಸರ್ಕಾರದ ಕಡೆಯ ಅಡ್ಡಿ ಈಗ ಅಷ್ಟಿಲ್ಲ. 2020ರ ನವೆಂಬರ್‌ನಲ್ಲಿ ದೂರಸಂಪರ್ಕ ಇಲಾಖೆ ಓಎಸ್‌ಪಿ (ಬಿಪಿಒ, ಐಟಿ ಸೇವೆಯ ಕಂಪನಿಗಳ) ನಿಯಮಗಳನ್ನು ಸಡಿಲ ಮಾಡಿತು, 2022ರ ಜುಲೈನಲ್ಲಿ ಎಸ್‌ಇಜೆಡ್ (ವಿಶೇಷ ಆರ್ಥಿಕ ವಲಯ) ಕಂಪನಿಗಳಿಗೆ ಮನೆಯಿಂದ ಕೆಲಸಕ್ಕೆ ಅವಕಾಶ ಕೊಡುವ 43ಎ ನಿಯಮ ಬಂತು. ಈಗ ನಿಮ್ಮನ್ನು ಕಟ್ಟಿಹಾಕುವುದು ಕಂಪನಿಯ ನಿಯಮ, ಅದು ಯಾವಾಗ ಬೇಕಾದರೂ ತಿರುಗುತ್ತೆ. ಟಿಸಿಎಸ್ 2023ರ ಅಕ್ಟೋಬರ್‌ನಿಂದ ವಾರಕ್ಕೆ 5 ದಿನ ಕಚೇರಿ ಅಂದಿತು. ಅಮೆಜಾನ್ 2025ರ ಜನವರಿಯಿಂದ ಅದನ್ನೇ ಹೇಳಿತು. ಇನ್ಫೋಸಿಸ್ ತಿಂಗಳಿಗೆ 10 ದಿನದ ಲೆಕ್ಕ ಇಟ್ಟಿತು. 'ಹೈಬ್ರಿಡ್' ಅಂತ ಎಲ್ಲರೂ ಕರೆದರೂ ವಾರಕ್ಕೆ 3 ದಿನಕ್ಕೂ ತಿಂಗಳಿಗೆ 10 ದಿನಕ್ಕೂ ಅಜಗಜಾಂತರ: ಮೊದಲನೆಯದರಲ್ಲಿ ನೀವು ಊರಿನಲ್ಲಿ ಇರಲು ಸಾಧ್ಯವೇ ಇಲ್ಲ, ಎರಡನೆಯದರಲ್ಲಿ ಇರಬಹುದು.

ಹಾಗಾಗಿ ಎಚ್‌ಆರ್‌ಗೆ ಒಂದು ಮೇಲ್ ಬರೆದು ಇಷ್ಟನ್ನು ಕೇಳಿ. ಹಾಜರಿಯ ಲೆಕ್ಕ ವಾರದ್ದೋ ತಿಂಗಳದ್ದೋ ಮೂರು ತಿಂಗಳದ್ದೋ? ಒಟ್ಟಿಗೆ ಒಂದೇ ವಾರ ಬಂದು ಮುಗಿಸಬಹುದಾ? ರಜೆ ಹಾಕಿದ ದಿನ, ಹಬ್ಬದ ದಿನ ಲೆಕ್ಕದಿಂದ ಕಳೆಯುತ್ತಾರಾ? ದಾಖಲೆಯಲ್ಲಿ ನನ್ನ ಕೆಲಸದ ಸ್ಥಳ ಯಾವುದು? ಕಂಪನಿಯ ಲ್ಯಾಪ್‌ಟಾಪ್ ಸಿಡಿಲಿಗೋ ಕಳ್ಳತನಕ್ಕೋ ಹೋದರೆ ಯಾರ ಜವಾಬ್ದಾರಿ? ಉತ್ತರ ಬಂದ ಮೇಲ್ ಅನ್ನು ಜೋಪಾನವಾಗಿಡಿ.

ಹಾಗೆಯೇ ಒಂದು ಮಾತು: ಹಳೆಯ ತೆರಿಗೆ ಪದ್ಧತಿಯಲ್ಲಿ ಇದ್ದೀರಿ ಅಂದರೆ, ಸ್ವಂತ ಮನೆಯಲ್ಲಿ ಬಾಡಿಗೆ ಕೊಡದೆ ಇದ್ದು ಎಚ್‌ಆರ್‌ಎ (ಮನೆ ಬಾಡಿಗೆ ಭತ್ಯೆ) ವಿನಾಯಿತಿ ಕೇಳುವ ಹಾಗಿಲ್ಲ. ಬೆಂಗಳೂರಿನ ಹಳೇ ಬಾಡಿಗೆ ಕರಾರನ್ನೇ ವರ್ಷ ವರ್ಷ ಅಪ್‌ಲೋಡ್ ಮಾಡುವವರನ್ನು ನೋಡಿದ್ದೇನೆ. ಬೇಡ. ಹೊಸ ಪದ್ಧತಿಯಲ್ಲಿ ಆ ವಿನಾಯಿತಿಯೇ ಇಲ್ಲ, ತಲೆನೋವೂ ಇಲ್ಲ.

ಕರೆಂಟು

ಇನ್ವರ್ಟರ್ ಎಲ್ಲರ ಮನೆಯಲ್ಲೂ ಇದೆ. ಅದರ ಲೆಕ್ಕ ಹಾಕಿದವರು ಕಡಿಮೆ. 12 ವೋಲ್ಟಿನ 150 ಎಎಚ್ ಬ್ಯಾಟರಿ ಅಂದರೆ ಕಾಗದದ ಮೇಲೆ 1,800 ವ್ಯಾಟ್-ಅವರ್. ಅದರಲ್ಲಿ 1,200 ನಂಬಿಕೊಳ್ಳಿ. ಲ್ಯಾಪ್‌ಟಾಪಿಗೆ 60, ಮಾನಿಟರಿಗೆ 25, ಕಡಿಮೆ ಕರೆಂಟಿನ ಬಿಎಲ್‌ಡಿಸಿ ಫ್ಯಾನಿಗೆ 30, ರೌಟರು ಮತ್ತು ಒಂದು ಬಲ್ಬಿಗೆ 20 ವ್ಯಾಟ್ ಹಿಡಿದರೆ ಒಂದು ಕೆಲಸದ ದಿನ ಸಲೀಸಾಗಿ ಕಳೆಯುತ್ತೆ. ಅಡುಗೆಮನೆಯ ಪ್ಲಗ್ ಪಾಯಿಂಟೂ ಅದೇ ಇನ್ವರ್ಟರಿಗೆ ಸೇರಿದ್ದರೆ ಮಾತ್ರ ಲೆಕ್ಕ ಕೆಡುತ್ತೆ. ಮಿಕ್ಸಿ 500ರಿಂದ 750 ವ್ಯಾಟ್ ಎಳೆಯುತ್ತೆ. ಸಂಜೆ ಶಿಕಾಗೊ ಕರೆಯ ಮಧ್ಯೆ ಅತ್ತೆ ಚಟ್ನಿ ತಿರುವಿದರೆ ಇನ್ವರ್ಟರ್ ಕೀಂಯ್ ಅನ್ನುತ್ತೆ. ಎಲೆಕ್ಟ್ರಿಷಿಯನ್ ಕರೆಸಿ ಅಡುಗೆಮನೆಯ ಪಾಯಿಂಟನ್ನು ಇನ್ವರ್ಟರಿನಿಂದ ಬಿಡಿಸಿ. ಅರ್ಧ ದಿನದ ಕೆಲಸ, ಜಗಳವೂ ತಪ್ಪುತ್ತೆ.

ನಮ್ಮ ಕಡೆ ಇನ್ನೊಂದು ಕಾಟ ಲೋ ವೋಲ್ಟೇಜು. ಕರೆಂಟ್ ಇದೆ, ಬಲ್ಬು ಮಿಣಮಿಣ ಅನ್ನುತ್ತೆ, ಆದರೆ ಬ್ಯಾಟರಿ ಚಾರ್ಜ್ ಆಗುತ್ತಿಲ್ಲ. ಬಹಳಷ್ಟು ಇನ್ವರ್ಟರುಗಳ ಹಿಂದೆ ಒಂದು ಸಣ್ಣ ಸ್ವಿಚ್ ಇರುತ್ತೆ, ಒಂದು ಕಡೆ ಯುಪಿಎಸ್, ಇನ್ನೊಂದು ಕಡೆ ನಾರ್ಮಲ್ ಅಥವಾ ಇಕೋ ಅಂತ ಬರೆದಿರುತ್ತೆ. ಯುಪಿಎಸ್ ಕಡೆ ಇದ್ದರೆ ವೋಲ್ಟೇಜು ಸುಮಾರು 180ಕ್ಕಿಂತ ಕೆಳಗಿಳಿದ ಕೂಡಲೇ ಅದು ಲೈನಿನ ಕರೆಂಟನ್ನು ಒಪ್ಪುವುದಿಲ್ಲ, ಬ್ಯಾಟರಿಯನ್ನೇ ತಿನ್ನುತ್ತೆ. ನಾರ್ಮಲ್ ಕಡೆ ತಿರುಗಿಸಿದರೆ ಇನ್ನೂ ಕಡಿಮೆ ವೋಲ್ಟೇಜಿಗೂ ಚಾರ್ಜ್ ಮಾಡಿಕೊಳ್ಳುತ್ತೆ. ಡೆಸ್ಕ್‌ಟಾಪ್ ಇದ್ದವರಿಗೆ ಆಗ ಬದಲಾವಣೆಯ ಗಳಿಗೆಯಲ್ಲಿ ರೀಸ್ಟಾರ್ಟ್ ಆಗುವ ಭಯ ಇದೆ. ಲ್ಯಾಪ್‌ಟಾಪಿಗೆ ತನ್ನದೇ ಬ್ಯಾಟರಿ ಇರುವುದರಿಂದ ಆ ಚಿಂತೆ ಇಲ್ಲ. ಈ ಸ್ವಿಚ್ ವಿಷಯ ಅಂಗಡಿಯವರು ಹೇಳುವುದಿಲ್ಲ, ಕೇಳಿ ತಿಳಿದುಕೊಳ್ಳಬೇಕು.

ಬ್ಯಾಟರಿಗೆ ಮೇ ತಿಂಗಳಲ್ಲಿ ಡಿಸ್ಟಿಲ್ಡ್ ವಾಟರ್ ಹಾಕಿಸಿ. ಅರ್ಥಿಂಗ್ ಸರಿಯಿದೆಯಾ ನೋಡಿಸಿ. ಖಾಲಿ ಆದ ಬ್ಯಾಟರಿ ತುಂಬಲು ಇಡೀ ರಾತ್ರಿ ಬೇಕು, ಆದ್ದರಿಂದ ಮೊದಲ ದಿನ ಅಲ್ಲ, ಮರ ಬಿದ್ದು ಎರಡನೇ ದಿನವೂ ಕರೆಂಟು ಬರದೇ ಇದ್ದಾಗ ನಿಜವಾದ ಪರೀಕ್ಷೆ. ಆ ದಿನಕ್ಕೆ ಬೇರೆ ಫೀಡರಿನಲ್ಲಿರುವ, ಅಂದರೆ ಬೇರೆ ಕರೆಂಟ್ ಲೈನಿನ, ಒಂದು ಮನೆ ಗುರುತು ಮಾಡಿಕೊಂಡಿರಿ. ನನಗೆ ತೀರ್ಥಹಳ್ಳಿ ಪೇಟೆಯಲ್ಲಿ ಚಿಕ್ಕಮ್ಮನ ಮನೆ ಇದೆ. ನಿಮಗೆ ಯಾರ ಮನೆ ಅಂತ ಮಳೆ ಶುರುವಾಗುವ ಮುಂಚೆಯೇ ಮಾತಾಡಿ ಇಟ್ಟುಕೊಳ್ಳಿ. ಮೆಸ್ಕಾಂ ದೂರು ಸಂಖ್ಯೆ 1912. ಲೈನ್‌ಮನ್ ನಂಬರೂ ಇರಲಿ, ಆದರೆ ಜಡಿಮಳೆಯಲ್ಲಿ ಕಂಬ ಹತ್ತಿದವರಿಗೆ ಹತ್ತು ಸಲ ಫೋನ್ ಮಾಡಬೇಡಿ. ಒಂದು ಸಲ ಮಾಡಿ, ಎಲ್ಲಿ ಮರ ಬಿದ್ದಿದೆ ಅಂತ ಗೊತ್ತಿದ್ದರೆ ಅದನ್ನು ಹೇಳಿ.

ಲೈನು

ರೌಟರಿಗೂ ಫೈಬರ್ ಬಂದು ಸೇರುವ ಓಎನ್‌ಟಿ ಡಬ್ಬಿಗೂ ಸಾಮಾನ್ಯವಾಗಿ 12 ವೋಲ್ಟ್ ಸಾಕು. ಅಡಾಪ್ಟರಿನ ಮೇಲೆ ಬರೆದಿರುತ್ತೆ, ಆಂಪಿಯರ್ ಎಷ್ಟು ಅಂತಲೂ ನೋಡಿಕೊಳ್ಳಿ. ಅದಕ್ಕೆ ಹೊಂದುವ ಮಿನಿ ಯುಪಿಎಸ್ ಒಂದೆರಡು ಸಾವಿರ ರೂಪಾಯಿಗೆ ಸಿಗುತ್ತೆ. ಇನ್ವರ್ಟರ್ ಕೈಕೊಟ್ಟರೂ ಲೈನ್ ಉಳಿಯುತ್ತೆ. ಹಳ್ಳಿಮನೆಗೆ ನಾನು ಹೇಳುವ ಮೊದಲ ಖರೀದಿ ಇದೇ, ಕುರ್ಚಿಗಿಂತಲೂ ಮುಂಚೆ.

ನೆಟ್ ಹೋದಾಗ ಎಲ್ಲರೂ ಮಾಡುವ ಕೆಲಸ ಆಫ್ ಮಾಡಿ ಆನ್ ಮಾಡುವುದು. ಮೊದಲು ಓಎನ್‌ಟಿಯ ದೀಪ ನೋಡಿ. ಪಾನ್ ದೀಪ ಹಸಿರಾಗಿ ನಿಂತಿದ್ದರೆ ಫೈಬರ್ ಸರಿ ಇದೆ, ತೊಂದರೆ ರೌಟರಿನಲ್ಲೋ ನೆಟ್ ಕಂಪನಿಯ ಕಡೆಯೋ. ಎಲ್‌ಓಎಸ್ ದೀಪ ಕೆಂಪಾಗಿದ್ದರೆ ಬೆಳಕೇ ಬರುತ್ತಿಲ್ಲ; ನೂರು ಸಲ ಆಫ್ ಆನ್ ಮಾಡಿದರೂ ಬರಲ್ಲ. ಆಗ ಅದೇ ಲೈನಿನ ಪಕ್ಕದ ಮನೆಗೆ ಫೋನ್ ಮಾಡಿ. ಅವರಲ್ಲೂ ಕೆಂಪಾದರೆ ಎಕ್ಸ್‌ಚೇಂಜ್ ಕಡೆ ಬ್ಯಾಟರಿ ಹೋಗಿದೆ ಅಥವಾ ದೊಡ್ಡ ಕೇಬಲ್ ಕಡಿದಿದೆ, ಕಾಯಬೇಕು. ನಿಮ್ಮಲ್ಲಿ ಮಾತ್ರ ಕೆಂಪಾದರೆ ಕಂಬದಿಂದ ಮನೆಗೆ ಬರುವ ತಂತಿಯದ್ದೇ ಕಥೆ: ಅಡಿಕೆ ಸೋಗೆ ಬಿದ್ದಿರುತ್ತೆ, ಅಳಿಲು ಕಡಿದಿರುತ್ತೆ, ಇಲ್ಲಾ ರಸ್ತೆ ಬದಿ ಜೆಸಿಬಿ ಬಂದಿರುತ್ತೆ. ಇಷ್ಟು ನೋಡಿಕೊಂಡು ಫೋನ್ ಮಾಡಿದರೆ ಫೈಬರ್ ಹುಡುಗ ಬೇಗ ಬರುತ್ತಾನೆ, ಏನು ಸಾಮಾನು ತರಬೇಕು ಅಂತ ಅವನಿಗೂ ಗೊತ್ತಿರುತ್ತೆ.

ಅವನು ಬಂದಾಗ ಕೈಯಲ್ಲಿ ಫೈಬರಿನ ಬೆಳಕು ಅಳೆಯುವ ಪವರ್ ಮೀಟರ್ ಇರುತ್ತೆ. ಎಷ್ಟು ತೋರಿಸುತ್ತೆ ಅಂತ ಕೇಳಿ ಬರೆದಿಟ್ಟುಕೊಳ್ಳಿ. ಮೈನಸ್ 20ರ ಆಸುಪಾಸು ಚೆನ್ನಾಗಿದೆ ಅಂತ ಅರ್ಥ. ಮೈನಸ್ 27ರ ಹತ್ತಿರ ಬಂದಿದ್ದರೆ ಇವತ್ತು ಓಡುತ್ತೆ, ನಾಳೆ ಗಾಳಿ ಬೀಸಿದರೆ ನಿಲ್ಲುತ್ತೆ. ಹಳೇ ಜಾಯಿಂಟುಗಳನ್ನು ಮೇ ತಿಂಗಳಲ್ಲೇ ಮತ್ತೆ ಮಾಡಿಸಿಕೊಳ್ಳಿ. ಜೂನ್‌ನಲ್ಲಿ ಅವನಿಗೆ ಉಸಿರಾಡಲೂ ಪುರುಸೊತ್ತಿರುವುದಿಲ್ಲ. ಚಹಾ ಕೊಡುವುದನ್ನು ಮರೆಯಬೇಡಿ. ನಮ್ಮ ಹೋಬಳಿಯ ಐಟಿ ಉದ್ಯಮ ನಿಂತಿರುವುದು ಅವನ ಏಣಿಯ ಮೇಲೆ.

ಸಿಡಿಲಿನ ಬಗ್ಗೆ. ಫೈಬರ್ ಗಾಜು, ಅದರೊಳಗೆ ವಿದ್ಯುತ್ ಹರಿಯುವುದಿಲ್ಲ. ಆದರೆ ಓಎನ್‌ಟಿ ಅಡಾಪ್ಟರು ಕರೆಂಟಿನ ಗೋಡೆಗೇ ಚುಚ್ಚಿದೆಯಲ್ಲ. ಗುಡುಗು ಹತ್ತಿರ ಬಂದರೆ ಅಡಾಪ್ಟರ್, ಮಾನಿಟರ್, ಲ್ಯಾಪ್‌ಟಾಪ್ ಚಾರ್ಜರ್ ಎಲ್ಲ ಕೀಳಿ, ಮಿನಿ ಯುಪಿಎಸ್ ಅನ್ನೂ ಗೋಡೆಯಿಂದ ಬಿಡಿಸಿ. ಅದು ತನ್ನ ಬ್ಯಾಟರಿಯ ಮೇಲೆ ನಡೆಯುತ್ತೆ, ನೀವು ಕರೆಯಲ್ಲಿ ಇದ್ದೇ ಇರುತ್ತೀರಿ.

ಎರಡನೇ ಲೈನ್ ಬೇಕೇ ಬೇಕು, ಅದು ಬೇರೆ ಕಂಪನಿಯ ಮೊಬೈಲ್ ಸಿಮ್ ಆಗಿರಲಿ. ಒಂದೇ ಕಂಪನಿಯ ಫೈಬರ್ ಮತ್ತು ಸಿಮ್ ಇಟ್ಟುಕೊಂಡರೆ ಎರಡೂ ಒಟ್ಟಿಗೆ ಮಲಗುತ್ತವೆ. ಟವರಿಗೂ ಬ್ಯಾಟರಿ ಅಂತ ಒಂದಿದೆ, ಕರೆಂಟು ಬಹಳ ಹೊತ್ತು ಬರದಿದ್ದರೆ ಅದೂ ಮುಗಿಯುತ್ತೆ ಅನ್ನುವುದು ನೆನಪಿರಲಿ. ಹಾಟ್‌ಸ್ಪಾಟಿನಲ್ಲಿ ಇದ್ದಾಗ ವಿಡಿಯೊ ಬಂದ್ ಮಾಡಿ. ವಿಡಿಯೊ ಕರೆ ಗಂಟೆಗೆ ಸುಮಾರು 1 ಜಿಬಿ ನುಂಗುತ್ತೆ, ಬರೀ ಧ್ವನಿಗೆ ಅದರ ಸಣ್ಣ ಪಾಲು ಸಾಕು. ಮೀಟಿಂಗ್ ಆಹ್ವಾನದಲ್ಲಿ ಫೋನ್ ಮಾಡಿ ಸೇರುವ ನಂಬರ್ ಇದ್ದರೆ ಅದನ್ನು ಮೊದಲೇ ಸೇವ್ ಮಾಡಿಡಿ. ಡೇಟಾ ಸತ್ತಿದ್ದರೂ ಮಾತಿನ ಸಿಗ್ನಲ್ ಒಂದು ಗೆರೆ ಇದ್ದರೆ ಸಾಕಾಗುತ್ತೆ.

ಮನೆಯೊಳಗೆ ವೈಫೈಯನ್ನು ನಂಬಬೇಡಿ. ಹಳೇ ಮನೆಯ ಮಣ್ಣಿನ ಗೋಡೆ, ಜಂಬಿಟ್ಟಿಗೆ ಗೋಡೆ ದಾಟಿ 5 ಗಿಗಾಹರ್ಟ್ಸ್ ಬರುವುದೇ ಇಲ್ಲ ಅನ್ನಬಹುದು. ಜಗಲಿಯ ಓಎನ್‌ಟಿಯಿಂದ ನಿಮ್ಮ ಕೋಣೆಗೆ ಒಂದು ಕ್ಯಾಟ್ 6 ಕೇಬಲ್ ಎಳೆಯಿರಿ, 100 ಮೀಟರ್ ತನಕ ಏನೂ ತೊಂದರೆ ಇಲ್ಲ. ನಮ್ಮನೆಯಲ್ಲಿ ಅದು ಅಟ್ಟದ ತೊಲೆಗುಂಟ ಹೋಗಿದೆ. ಸ್ಪೀಡ್ ಟೆಸ್ಟ್ ಮಾಡುವ ಬದಲು ಸಂಜೆ ಹೊತ್ತು ಕಂಪನಿಯ ವಿಪಿಎನ್ (ಕಚೇರಿಯ ಜಾಲಕ್ಕೆ ಸುರಕ್ಷಿತವಾಗಿ ಸೇರಿಸುವ ದಾರಿ) ವಿಳಾಸಕ್ಕೆ ಅರ್ಧ ಗಂಟೆ ಪಿಂಗ್ ಬಿಟ್ಟು, ಅಂದರೆ ಡೇಟಾದ ಸಣ್ಣ ತುಣುಕುಗಳನ್ನು (ಪ್ಯಾಕೆಟ್) ಕಳಿಸುತ್ತಾ, ವಾಪಸ್ ಬರುತ್ತವಾ ನೋಡಿ. ಎಷ್ಟು ಪ್ಯಾಕೆಟ್ ಕಳೆದುಹೋದವು ಅನ್ನುವುದೇ ನಿಮ್ಮ ಲೈನಿನ ನಿಜವಾದ ಜಾತಕ.

ಲ್ಯಾಪ್‌ಟಾಪಿನ ಒಳಗೆ

ಲೈನ್ ಹೋಗುತ್ತೆ ಅಂತ ಒಪ್ಪಿಕೊಂಡೇ ಕೆಲಸ ಜೋಡಿಸಬೇಕು. ದೂರದ ಸರ್ವರಿನಲ್ಲಿ ಏನೇ ಓಡಿಸಿದರೂ ಟಿಮಕ್ಸ್ (ಲೈನ್ ಕಡಿದರೂ ಕೆಲಸವನ್ನು ಸರ್ವರಿನಲ್ಲಿ ನಡೆಸುತ್ತಲೇ ಇರುವ ಪ್ರೋಗ್ರಾಂ) ಒಳಗೆ ಓಡಿಸಿ. ಬರೀ ಎಸ್‌ಎಸ್‌ಎಚ್‌ನಲ್ಲಿ (ಸರ್ವರಿಗೆ ದೂರದಿಂದ ಲಾಗಿನ್ ಆಗಿ) ಡೇಟಾಬೇಸ್ ಮೈಗ್ರೇಷನ್ ಶುರು ಮಾಡಿ, ನಡುವೆ ಲೈನ್ ಕಡಿದು, ಅದು ಮುಗಿಯಿತೋ ಇಲ್ಲವೋ ಅಂತ ಗೊತ್ತಿಲ್ಲದೆ ಹೊಟ್ಟೆ ಹಿಡಿದುಕೊಂಡು ಕೂರುವ ಸುಖ ಯಾರಿಗೂ ಬೇಡ. ಡಾಕರ್ ಇಮೇಜು, ಲೈಬ್ರರಿಗಳು, ಬೇಕಾದ ದಾಖಲೆಗಳು ಎಲ್ಲವನ್ನೂ ರಾತ್ರಿಯೇ ಇಳಿಸಿಕೊಳ್ಳಿ. ಟೆಸ್ಟುಗಳು ನೆಟ್ ಇಲ್ಲದೆಯೂ ನಿಮ್ಮ ಯಂತ್ರದಲ್ಲೇ ಓಡುವಂತೆ ಮಾಡಿ. ನಾನಿದನ್ನು ಹಟ ಹಿಡಿದು ಮಾಡಿಸಿದ ಮೇಲೆ ಬೆಂಗಳೂರಿನವರಿಗೂ ಟೆಸ್ಟು ಬೇಗ ಮುಗಿಯತೊಡಗಿತು, ಆದರೂ ಅದನ್ನು ತಂಡದಲ್ಲಿ ಇವತ್ತಿಗೂ 'ಮಳೆಗಾಲದ ಟೆಸ್ಟು' ಅಂತಲೇ ಕರೆಯುತ್ತಾರೆ.

ಒಟಿಪಿ ಎಸ್‌ಎಂಎಸ್‌ನಲ್ಲಿ ಬರುವ ಹಾಗೆ ಇಟ್ಟುಕೊಂಡರೆ ಕೆಟ್ಟಿರಿ. ಫೈಬರಿನಿಂದ ಹಾಟ್‌ಸ್ಪಾಟಿಗೆ ಹಾರಿದಾಗೆಲ್ಲ ವಿಪಿಎನ್ ಮತ್ತೆ ಲಾಗಿನ್ ಕೇಳಬಹುದು, ಅದೇ ಹೊತ್ತಿಗೆ ಸಿಗ್ನಲ್ ಇರುವುದಿಲ್ಲ. ಅಥೆಂಟಿಕೇಟರ್ ಆ್ಯಪ್ ಹಾಕಿಕೊಳ್ಳಿ; ಅದು ಗಡಿಯಾರ ನೋಡಿ ಸಂಖ್ಯೆ ಕೊಡುತ್ತೆ, ನೆಟ್ ಬೇಕಾಗಿಲ್ಲ. ಫೋನ್ ನೀರಿಗೆ ಬಿದ್ದರೆ ಅಂತ ಬ್ಯಾಕಪ್ ಕೋಡುಗಳನ್ನು ಕಾಗದದ ಮೇಲೆ ಬರೆದು ಬೀರುವಿನಲ್ಲಿಡಿ.

ಆನ್-ಕಾಲ್ ಸರದಿಯ (ಹೊತ್ತಲ್ಲದ ಹೊತ್ತಿನಲ್ಲಿ ಸಿಸ್ಟಂ ಕೆಟ್ಟರೆ ನೋಡಿಕೊಳ್ಳುವ ಪಾಳಿಯ) ಬಗ್ಗೆ ನಾಚಿಕೆ ಬಿಟ್ಟು ಮಾತಾಡಿ. ಜುಲೈನಲ್ಲಿ ನಾನು ಒಬ್ಬಳೇ ಆನ್-ಕಾಲ್ ಇರುವುದಿಲ್ಲ. ಬದಲಿಗೆ ಡಿಸೆಂಬರ್ ಕೊನೆಯ ವಾರ ನಾನೇ ಕೇಳಿ ತೆಗೆದುಕೊಳ್ಳುತ್ತೇನೆ, ಆಗ ಎಲ್ಲರೂ ಗೋವಾ, ಕೊಡಗು ಅಂತ ಹೊರಟಿರುತ್ತಾರೆ. ಇದರಲ್ಲಿ ಯಾರಿಗೂ ನಷ್ಟವಿಲ್ಲ, ಆದರೆ ಸರದಿ ಹಾಕುವ ಹೊತ್ತಿಗೇ ಹೇಳಬೇಕು. ಮರ ಬಿದ್ದ ಮೇಲೆ ಹೇಳಿದರೆ ಅದು ನೆಪದ ಹಾಗೆ ಕೇಳುತ್ತೆ.

ಕುರ್ಚಿ ಮೇಜಿನ ಬಗ್ಗೆ ಬರೆದವರು ಬಹಳ ಮಂದಿ ಇದ್ದಾರೆ. ಪರದೆಯ ಮೇಲಂಚು ಕಣ್ಣಿನ ಮಟ್ಟಕ್ಕೆ, ಬೇರೆ ಕೀಬೋರ್ಡು, ಪಾದ ನೆಲಕ್ಕೆ. ಇಷ್ಟು ಸಾಕು. ಹೆಡ್‌ಸೆಟ್ ಬಗ್ಗೆ ಮಾತ್ರ ಒಂದು ಮಾತು: ತಗಡಿನ ಶೀಟಿನ ಮೇಲೆ ಬೀಳುವ ಮಳೆ, ಸಂಜೆಯ ಜೀರುಂಡೆ, ಸುಗ್ಗಿಯಲ್ಲಿ ಅಡಿಕೆ ಸುಲಿಯುವ ಯಂತ್ರ ಈ ಮೂರಕ್ಕೆ ಲ್ಯಾಪ್‌ಟಾಪಿನ ಮೈಕು ಸೋಲುತ್ತೆ. ಬಾಯಿಯ ಹತ್ತಿರಕ್ಕೆ ಕಡ್ಡಿ ಬರುವಂಥ ವೈರಿನ ಹೆಡ್‌ಸೆಟ್ಟೇ ಬೇಕು, ಚಂದ ಕಾಣದಿದ್ದರೂ ಪರವಾಗಿಲ್ಲ.

ಬರೆದಿಡುವುದು

ಕಚೇರಿಯಲ್ಲಿ ಕೂತವರ ಕೆಲಸ ಕಣ್ಣಿಗೆ ಕಾಣುತ್ತೆ. ದೂರದವರದು ಬರೆದಷ್ಟೇ ಕಾಣುತ್ತೆ. ಗಿಟ್‌ಲ್ಯಾಬ್ ಎಂಬ ಕಂಪನಿ ಕಚೇರಿಯೇ ಇಲ್ಲದೆ ನಡೆಯುತ್ತೆ. ಅದರ ಕೈಪಿಡಿ ಸಾವಿರಾರು ಪುಟದ್ದು, ಜಾಲದಲ್ಲಿ ಯಾರು ಬೇಕಾದರೂ ಓದಬಹುದು. ಸಂಬಳದ ಲೆಕ್ಕದಿಂದ ಹಿಡಿದು ಮೀಟಿಂಗ್ ಹೇಗೆ ನಡೆಸಬೇಕು ಅನ್ನುವ ತನಕ ಎಲ್ಲ ಬರೆದಿಟ್ಟಿದ್ದಾರೆ. ಅಷ್ಟು ದೊಡ್ಡದು ನಮಗೆ ಬೇಡ, ಆದರೆ ಅದರ ಒಂದು ಪದ್ಧತಿ ಬೇಕು: ಮಾತಿನಲ್ಲಿ ಆದ ತೀರ್ಮಾನ ಬರಹಕ್ಕೆ ಇಳಿಯುವ ತನಕ ಅದು ತೀರ್ಮಾನವೇ ಅಲ್ಲ.

ದಿನದ ಕೊನೆಗೆ ಶಿಕಾಗೊದವರಿಗೆ ಕೆಲಸ ದಾಟಿಸುವಾಗ "ರೀಫಂಡ್ ಸಮಸ್ಯೆ ನೋಡ್ತಿದ್ದೇನೆ, ಇನ್ನೂ ಆಗಿಲ್ಲ" ಅಂತ ಬರೆದರೆ ಅವರಿಗೆ ಅದರಿಂದ ಏನು ಸಿಕ್ಕಿತು? ಹೀಗೆ ಬರೆಯಿರಿ: "ಒಂದೇ ರೀಫಂಡ್ ಎರಡು ಸಲ ಹೋಗುತ್ತಿರುವುದು ಟೈಮ್‌ಔಟ್ ಆದ ಮೇಲೆ ಮರುಪ್ರಯತ್ನ ಮಾಡಿದಾಗ ಮಾತ್ರ. ಸ್ಟೇಜಿಂಗ್‌ನಲ್ಲಿ ಈ ಆರ್ಡರ್ ಹಾಕಿ ನೋಡಿದರೆ ಪ್ರತಿ ಸಲವೂ ಆಗುತ್ತೆ. ಕ್ಯೂ ಕಡೆ ನೋಡಿ ಆಗಿದೆ, ಅಲ್ಲಿ ತಪ್ಪಿಲ್ಲ. ಅರ್ಧ ಮಾಡಿದ ಬದಲಾವಣೆ ಈ ಬ್ರಾಂಚಿನಲ್ಲಿದೆ, ಎರಡು ಟೆಸ್ಟು ಇನ್ನೂ ಬೀಳುತ್ತಿವೆ. ನೀವು ತೀರ್ಮಾನಿಸಬೇಕಾದ್ದು ಒಂದೇ: ಎರಡನೇ ಸಲ ಹೋಗದಂತೆ ತಡೆಯುವ ಕೀಲಿಯನ್ನು 24 ಗಂಟೆ ಉಳಿಸಿದರೆ ಸಾಕಾ?" ಬರೆಯಲು ಹತ್ತು ನಿಮಿಷ. ರಾತ್ರಿ ನಮ್ಮನೆಯಲ್ಲಿ ಕರೆಂಟ್ ಇಲ್ಲದಿದ್ದರೂ ಕೆಲಸ ಬೆಳಗಾಗುವುದರೊಳಗೆ ಮುಗಿದಿರುತ್ತೆ.

ಬರೀ "ಹಾಯ್" ಅಂತ ಕಳಿಸಿ ಉತ್ತರಕ್ಕೆ ಕಾಯುವ ಚಟ ಒಂದಿದೆ. ಪಕ್ಕದ ಸೀಟಿನವರಿಗಾದರೆ ಸರಿ. ಶಿಕಾಗೊಗೆ "ಹಾಯ್" ಕಳಿಸಿ, ಅವರು ನೀವು ಮಲಗಿದ ಮೇಲೆ "ಹಾಯ್, ಹೇಳಿ" ಅಂದು, ಬೆಳಿಗ್ಗೆ ನೀವು ಪ್ರಶ್ನೆ ಕೇಳುವಷ್ಟರಲ್ಲಿ ಒಂದು ದಿನ ಗುಳುಂ. ಪ್ರಶ್ನೆ, ಹಿನ್ನೆಲೆ, ಯಾವಾಗ ಬೇಕು, ಎಲ್ಲ ಒಂದೇ ಸಂದೇಶದಲ್ಲಿ ಹಾಕಿ. ಖಾಸಗಿ ಸಂದೇಶದಲ್ಲಿ ಅಲ್ಲ, ತಂಡದ ಚಾನೆಲ್‌ನಲ್ಲಿ ಹಾಕಿ.

ಮೀಟಿಂಗ್ ಟಿಪ್ಪಣಿ ಬರೆಯುವ ಕೆಲಸವನ್ನು ನಾನು ಕೇಳಿ ತೆಗೆದುಕೊಳ್ಳುತ್ತೇನೆ. ಇದು ಗುಮಾಸ್ತಿಕೆ, ಯಾವಾಗಲೂ ಹೆಣ್ಣುಮಕ್ಕಳ ತಲೆಗೇ ಕಟ್ಟುತ್ತಾರೆ ಅನ್ನುವ ದೂರು ಇದೆ, ನಿಜವೂ ಹೌದು. ಆದರೆ ದೂರದಲ್ಲಿ ಕೂತವರ ಲೆಕ್ಕ ಬೇರೆ. ಟಿಪ್ಪಣಿ ಬರೆಯುವವರನ್ನು ಮರೆತು ಮೀಟಿಂಗ್ ಶುರು ಮಾಡಲು ಆಗುವುದಿಲ್ಲ. "ಈ ತೀರ್ಮಾನ ಸರಿಯಾಗಿ ಬರೆದುಕೊಳ್ತೀನಿ, ಯಾರು ಯಾವಾಗ ಮಾಡ್ತೀರಿ ಹೇಳಿ" ಅಂತ ಕೇಳುವ ಹಕ್ಕೂ ಬರುತ್ತೆ. ಅರ್ಧ ಜನ ಕಾನ್ಫರೆನ್ಸ್ ರೂಮಿನಲ್ಲಿ, ಉಳಿದವರು ಪರದೆಯ ಮೇಲೆ ಇರುವ ಮೀಟಿಂಗ್ ಹೈಬ್ರಿಡ್‌ನ ದೊಡ್ಡ ಶಾಪ. ಒಬ್ಬರು ಬಿಳಿ ಹಲಗೆಯ ಮೇಲೆ ಗೀಚುತ್ತಾರೆ, ನಮಗೆ ಅವರ ಬೆನ್ನು ಕಾಣುತ್ತೆ. ರೂಮಿನಲ್ಲಿ ಇರುವವರೂ ತಮ್ಮ ತಮ್ಮ ಲ್ಯಾಪ್‌ಟಾಪಿನಿಂದ ಸೇರಲಿ ಅಂತ ಕೇಳಿ. ಒಪ್ಪದಿದ್ದರೆ ರೂಮಿನೊಳಗಿನ ಒಬ್ಬ ಸ್ನೇಹಿತರಿಗೆ ಹೇಳಿಟ್ಟಿರಿ: ನಾನು ಕೈ ಎತ್ತಿದರೆ ನೀವು ಮಾತು ನಿಲ್ಲಿಸಿ ಕೊಡಿ.

ಶುಕ್ರವಾರ ಸಂಜೆ ಮ್ಯಾನೇಜರಿಗೆ ನಾಲ್ಕೈದು ಸಾಲು ಬರೆಯಿರಿ. ಏನು ಮುಗಿಯಿತು, ಏನು ನಿಂತಿದೆ, ಯಾರಿಗೆ ಸಹಾಯ ಮಾಡಿದೆ, ಮುಂದಿನ ವಾರ ಏನು. ಅಪ್ರೈಸಲ್ ಬಂದಾಗ ಇವೇ ಸಾಲುಗಳನ್ನು ಜೋಡಿಸಿದರೆ ಆಯಿತು. ಕ್ಯಾಂಟೀನಿನಲ್ಲಿ ಎದುರು ಸಿಕ್ಕವರ ಹೆಸರು ಮೊದಲು ನೆನಪಾಗುವುದು ಮನುಷ್ಯಸ್ವಭಾವ, ಅದಕ್ಕೆ ಬೇಸರ ಮಾಡಿಕೊಂಡು ಪ್ರಯೋಜನವಿಲ್ಲ.

ಗಡಿಯಾರ ಮತ್ತು ಮನೆಯವರು

ಅಮೆರಿಕದವರು ಮಾರ್ಚ್‌ನ ಎರಡನೇ ಭಾನುವಾರ ಗಡಿಯಾರ ಮುಂದಿಡುತ್ತಾರೆ, ನವೆಂಬರ್‌ನ ಮೊದಲ ಭಾನುವಾರ ಹಿಂದಿಡುತ್ತಾರೆ. ಶಿಕಾಗೊದ ಬೆಳಿಗ್ಗೆ 9 ಅಂದರೆ ಬೇಸಿಗೆಯಲ್ಲಿ ನಮಗೆ ರಾತ್ರಿ 7:30, ನವೆಂಬರ್‌ನಿಂದ 8:30. ಯುರೋಪಿನವರು ಬದಲಾಯಿಸುವುದು ಮಾರ್ಚ್ ಮತ್ತು ಅಕ್ಟೋಬರ್‌ನ ಕೊನೆಯ ಭಾನುವಾರ. ಎರಡೂ ಕಡೆಯವರು ಇರುವ ತಂಡದಲ್ಲಿ ನಡುವಿನ ವಾರಗಳಲ್ಲಿ ಕ್ಯಾಲೆಂಡರು ಚೆಲ್ಲಾಪಿಲ್ಲಿ. ಅಕ್ಟೋಬರ್‌ನಲ್ಲೇ ಮಾತಾಡಿ, "ಚಳಿಗಾಲದಲ್ಲಿ ಈ ಕರೆ ನಿಮ್ಮ 8 ಗಂಟೆಗೆ ಇಟ್ಟುಕೊಳ್ಳೋಣ" ಅಂತ ಗಟ್ಟಿ ಮಾಡಿಕೊಳ್ಳಿ. ತಡರಾತ್ರಿಯ ಕರೆ ವಾರದಲ್ಲಿ ಎರಡು ದಿನಕ್ಕೆ ಸೀಮಿತ ಮಾಡಿ, ಆ ಮರುದಿನ ತಡವಾಗಿ ಶುರು ಮಾಡುತ್ತೇನೆ ಅಂತ ಕ್ಯಾಲೆಂಡರಿನಲ್ಲೇ ಹಾಕಿ.

ಇನ್ನು ಮನೆ. "ಮನೇಲೇ ಇದ್ದೀಯಲ್ಲ, ಗ್ಯಾಸ್‌ನವನು ಬಂದರೆ ತಗೋ", "ಮನೇಲೇ ಇದ್ದೀಯಲ್ಲ, ಸೊಸೈಟಿಗೆ ಹೋಗಿ ಬಾ". ಇದಕ್ಕೆ ಸಿಟ್ಟು ಮಾಡಿಕೊಂಡರೆ ಸೋಲುವುದು ನಾವೇ. ಬೆಳಿಗ್ಗೆ ಕಾಫಿ ಹೊತ್ತಿಗೆ ಅತ್ತೆಗೆ ದಿನದ ಲೆಕ್ಕ ಹೇಳಿಬಿಡುತ್ತೇನೆ: "ಅತ್ತೆ, ಹನ್ನೊಂದರಿಂದ ಹನ್ನೆರಡು ಬಾಗಿಲು ಹಾಕಿರ್ತೀನಿ. ಎರಡೂವರೆಗೆ ನನಗೆ ಬಿಡುವು, ಆಗ ಏನು ಬೇಕಾದರೂ ಹೇಳಿ." ಬಿಡುವು ಇಲ್ಲ ಅಂತ ಮಾತ್ರ ಹೇಳಿದರೆ ಯಾರೂ ನಂಬುವುದಿಲ್ಲ, ಬಿಡುವು ಯಾವಾಗ ಅಂತಲೂ ಹೇಳಿದರೆ ನಂಬುತ್ತಾರೆ. ಈಗ ಯಾರಾದರೂ ನೆಂಟರು ಬಂದರೆ "ಅವಳು ಶಿಕಾಗೋದವರ ಹತ್ರ ಮಾತಾಡ್ತಿದ್ದಾಳೆ, ಸುಮ್ನಿರಿ" ಅಂತ ಅತ್ತೆಯೇ ಗದರುತ್ತಾರೆ, ನಾನು ಊಟ ಮಾಡುತ್ತಿದ್ದರೂ. ಅಡಿಕೆ ಕೊನೆ (ಗೊಂಚಲು) ಕೊಯ್ಲಿನ ದಿನಗಳಿಗೆ ನಿಜವಾದ ರಜೆ ಹಾಕಿ. ಒಂದು ಕಣ್ಣು ಅಂಗಳದ ಆಳುಗಳ ಮೇಲೆ, ಒಂದು ಕಣ್ಣು ಪರದೆಯ ಮೇಲೆ ಇಟ್ಟರೆ ಅಡಿಕೆಯೂ ಕೆಡುತ್ತೆ, ಕೋಡೂ ಕೆಡುತ್ತೆ.

ಬೆಂಗಳೂರಿನ ವಾರ

ಕಚೇರಿಯ ದಿನಗಳನ್ನು ತಂಡದವರೆಲ್ಲ ಬರುವ ದಿನಕ್ಕೆ ಹೊಂದಿಸಿ. ಬಸ್ಸಿನಲ್ಲಿ ರಾತ್ರಿಯೆಲ್ಲ ಕೂತು ಹೋಗಿ, ಖಾಲಿ ಮಹಡಿಯಲ್ಲಿ ಹೆಡ್‌ಫೋನ್ ಹಾಕಿಕೊಂಡು ಅದೇ ಕೋಡು ಬರೆದು ಬರುವುದಕ್ಕಿಂತ ಮೂರ್ಖತನ ಇಲ್ಲ. ಆ ವಾರ ನಾನು ಕೋಡ್ ಬರೆಯುವುದೇ ಕಡಿಮೆ. ಡಿಸೈನ್ ಜಗಳಗಳು, ಹೊಸಬರ ಪರಿಚಯ, ಮ್ಯಾನೇಜರ ಜೊತೆ ಸಂಬಳದ ಮಾತು, ಬೇರೆ ತಂಡದವರೊಂದಿಗೆ ಊಟ, ಇವೆಲ್ಲ ಎದುರಾಎದುರು ಆಗಬೇಕಾದವು. ಹೋಗುವ ಮುಂಚಿನ ವಾರ ಅಂಥ ವಿಷಯಗಳ ಪಟ್ಟಿ ಮಾಡಿ ಕ್ಯಾಲೆಂಡರಿನಲ್ಲಿ ಜಾಗ ಹಿಡಿದುಬಿಡಿ, ಸೀಟ್ ಬುಕ್ ಮಾಡುವ ಆ್ಯಪ್ ಇದ್ದರೆ ತಂಡದ ಸಾಲಿನಲ್ಲೇ ಸೀಟು ಹಿಡಿಯಿರಿ.

ಶಿವಮೊಗ್ಗ ಕಡೆಯಿಂದ ಬರುವ ರಾತ್ರಿ ಬಸ್ಸುಗಳು ತುಮಕೂರು ರಸ್ತೆಯಿಂದ ನಗರಕ್ಕೆ ಇಳಿಯುತ್ತವೆ. ಮೆಜೆಸ್ಟಿಕ್ ತನಕ ಹೋಗಬೇಡಿ. ನಾಗಸಂದ್ರದಲ್ಲೋ ಜಾಲಹಳ್ಳಿಯಲ್ಲೋ ಇಳಿದು ಹಸಿರು ಮಾರ್ಗದ ಮೆಟ್ರೊ ಹಿಡಿದು ಆರ್.ವಿ. ರೋಡ್ ನಿಲ್ದಾಣದಲ್ಲಿ ಹಳದಿ ಮಾರ್ಗಕ್ಕೆ ಬದಲಾಯಿಸಿದರೆ ಎಲೆಕ್ಟ್ರಾನಿಕ್ ಸಿಟಿ. 2025ರ ಆಗಸ್ಟ್‌ನಲ್ಲಿ ಹಳದಿ ಮಾರ್ಗ ಶುರುವಾಗುವ ತನಕ ಸಿಲ್ಕ್ ಬೋರ್ಡ್ ದಾಟುವುದೇ ಒಂದು ಪ್ರಯಾಣವಾಗಿತ್ತು. ವೈಟ್‌ಫೀಲ್ಡ್ ಕಡೆಯವರು ಮೆಜೆಸ್ಟಿಕ್‌ನಲ್ಲಿ ನೇರಳೆ ಮಾರ್ಗಕ್ಕೆ ಬದಲಾಯಿಸಬೇಕು. ರೈಲಾದರೆ ತಾಳಗುಪ್ಪದಿಂದ ಮೈಸೂರಿಗೆ ಹೋಗುವ ರಾತ್ರಿ ಗಾಡಿ ಶಿವಮೊಗ್ಗದಲ್ಲಿ ಸಿಗುತ್ತೆ, ಬೆಂಗಳೂರಿಗೆ ನಸುಕಿನಲ್ಲಿ ಬಿಡುತ್ತೆ. ಶಿವಮೊಗ್ಗದಿಂದ 2023ರಿಂದ ವಿಮಾನವೂ ಇದೆ, ಆದರೆ ದೇವನಹಳ್ಳಿಯಲ್ಲಿ ಇಳಿದು ಎಲೆಕ್ಟ್ರಾನಿಕ್ ಸಿಟಿಗೆ ಹೋಗುವ ಹೊತ್ತನ್ನೂ ಲೆಕ್ಕ ಹಾಕಿ ಆಮೇಲೆ ಟಿಕೆಟ್ ತೆಗೆಯಿರಿ. ತಲುಪಿದ ದಿನ ಮುಖ್ಯ ಮಾತುಕತೆ ಇಟ್ಟುಕೊಳ್ಳಬೇಡಿ.

ಕೆಲಸಕ್ಕೆ ಸೇರಿ ಎರಡು ವರ್ಷವೂ ಆಗದವರಿಗೆ ನಾನು ಇದನ್ನು ಹೇಳುವುದಿಲ್ಲ. ಸೀನಿಯರ್ ಒಬ್ಬರು ಬಗ್ ಹುಡುಕುವಾಗ ಅವರ ಬೆನ್ನ ಹಿಂದೆ ನಿಂತು ನೋಡುವುದರಲ್ಲಿ ಕಲಿಯುವುದು ಎಷ್ಟೋ ಇದೆ, ಅದು ಪರದೆ ಹಂಚಿಕೊಂಡರೆ ಸಿಗುವುದಿಲ್ಲ. ಉಳಿದವರು ಪ್ರಯೋಗಕ್ಕೆ ಒಂದು ತಿಂಗಳು ಕೇಳಿಕೊಳ್ಳಿ, ಅದು ಜುಲೈ ಆಗಿರಲಿ. ಡಿಸೆಂಬರಿನ ಬಿಸಿಲಲ್ಲಿ ಜಗಲಿಯ ಮೇಲೆ ಕೂತು ಎಲ್ಲ ಚೆನ್ನಾಗಿದೆ ಅನ್ನಿಸುವುದು ಸಹಜ. ಜುಲೈ ದಾಟಿದರೆ ಆಮೇಲೆ ಬೆಂಗಳೂರಿನ ಮನೆ ಖಾಲಿ ಮಾಡಿ. ಪೇಂಟಿಂಗ್‌ಗೆ ಅಂತ ಅಡ್ವಾನ್ಸಿನಲ್ಲಿ ಒಂದು ತಿಂಗಳ ಬಾಡಿಗೆ ಮುರಿದುಕೊಳ್ಳುವ ಓನರುಗಳೇ ಜಾಸ್ತಿ, ಇನ್ವರ್ಟರ್ ಖರ್ಚಿನ ಜೊತೆ ಅದನ್ನೂ ಸೇರಿಸಿ ಲೆಕ್ಕ ಹಾಕಿಕೊಳ್ಳಿ.